ಅಕ್ಕಿ ಒಯ್ದ ಹಡಗು

ಮಾರ್ಕಮ್‌ನ ಒಂದು ಆಫೀಸಿನಲ್ಲಿ ಕೂತು, ನಾನು ಕಣ್ಣಿಂದ ಕಂಡೇ ಇಲ್ಲದ ಹಡಗುಗಳ ಸರಕಿಗೆ ಕಾಗದ ಮಾಡುವುದು ನನ್ನ ಕೆಲಸವಾಗಿತ್ತು. ಜಪಾನಿನಿಂದ ವ್ಯಾಂಕೂವರಿಗೆ ಹಡಗಿನಲ್ಲಿ, ಅಲ್ಲಿಂದ ಇಲ್ಲಿಗೆ ರೈಲಿನಲ್ಲಿ ಬರುವ ಕಂಟೇನರುಗಳು. ಒಳಗೆ ಹೆಚ್ಚಾಗಿ ಒಶಾವಾ ಕಡೆಯ ಕಾರ್ಖಾನೆಗಳಿಗೆ ಬೇಕಾದ ಬಿಡಿಭಾಗಗಳು. ಹಾಗಂತ ಕಾಗದ ಹೇಳುತ್ತಿತ್ತು. ಪೆಟ್ಟಿಗೆ ತೆರೆದು ನೋಡುವ ಉಸಾಬರಿ ನಮ್ಮದಲ್ಲ. ಒಂದು ಕಾಗದದಲ್ಲಿರುವುದು ಇನ್ನೊಂದಕ್ಕೆ ಹೊಂದಿದರೆ ಸರಕು ಸರಿ ಇದೆ ಎಂದು ಅರ್ಥ, ಹೊಂದದಿದ್ದರೆ ನಾಲ್ಕು ಫೋನು ಮಾಡಿ ಹೊಂದಿಸುವುದು. ಹೊಂದಿಸುವುದರಲ್ಲಿ ನನ್ನದು ಎತ್ತಿದ ಕೈ. ಈ ಮಾತನ್ನು ಆಗ ಹೆಮ್ಮೆಯಿಂದ ಹೇಳಿಕೊಳ್ಳುತ್ತಿದ್ದೆ.

ಅವ್ವ ಹುಬ್ಬಳ್ಳಿಯಿಂದ ನನ್ನ ಹತ್ತಿರ ಬಂದದ್ದು ೨೦೧೫ರಲ್ಲಿ. ಎರಡು ಪೆಟ್ಟಿಗೆ, ಒಂದು ಚೀಲ ಜೋಳದ ಹಿಟ್ಟು, ಅವಳ ಅಪ್ಪನ ಒಂದು ಕಾರ್ಡು. ಈ ಕಾರ್ಡಿನ ಕತೆ ಹೇಳಲೇಬೇಕು. ಅವ್ವ ಹೊಟ್ಟೆಯಲ್ಲಿದ್ದಾಗ ನನ್ನಜ್ಜ ಬೆಳಗಾವಿಯಿಂದ ದಂಡಿನ ಜೊತೆ ಸಿಂಗಾಪುರಕ್ಕೆ ಹೋದ, ಅಲ್ಲಿ ಜಪಾನಿನವರ ಕೈಗೆ ಸಿಕ್ಕ. ಸೆರೆಯಿಂದ ಬಂದದ್ದು ಇದೊಂದೇ ಕಾರ್ಡು, ಕ್ಷೇಮವಾಗಿದ್ದೇನೆ ಎಂದು ಅಚ್ಚು ಹಾಕಿದ್ದು. ಯುದ್ಧ ಮುಗಿದ ಮೇಲೆ ಪಕ್ಕದ ಊರಿಗೆ ಮರಳಿದ ಒಬ್ಬ ಸಿಪಾಯಿ, ಅಜ್ಜನನ್ನು ಇನ್ನಷ್ಟು ಜನರೊಂದಿಗೆ ಸರಕಿನ ಹಡಗಿಗೆ ಹತ್ತಿಸಿದ್ದನ್ನು ನೋಡಿದೆ, ಎಲ್ಲಿ ಇಳಿಸಿದರೋ ತಿಳಿಯದು ಎಂದು ಹೇಳಿದ. ಅಜ್ಜಿ ಆ ಒಂದು ಮಾತಿಗೆ ಜೋತುಬಿದ್ದಳು. ಹತ್ತಿದವನು ಎಲ್ಲೋ ಇಳಿದಿರಲೇಬೇಕು ಎಂದು ಸಾಯುವವರೆಗೆ ಕುಂಕುಮ ಹಚ್ಚಿಕೊಂಡಳು. ಮಹಾಲಯ ಅಮಾವಾಸ್ಯೆಗೆ ಮನೆಯ ಹಿರಿಯರಿಗೆಲ್ಲ ಎಡೆ ಇಡುತ್ತಿದ್ದಳು, ಗಂಡನಿಗೆ ಮಾತ್ರ ಇಡಲಿಲ್ಲ. ಬದುಕಿದ್ದವನಿಗೆ ಯಾರಾದರೂ ಎಡೆ ಇಡುತ್ತಾರೆಯೆ?

ನನ್ನಪ್ಪ ಹುಬ್ಬಳ್ಳಿಯ ರೈಲ್ವೆಯಲ್ಲಿ ಗೂಡ್ಸ್ ಕ್ಲಾರ್ಕು. ಹೊಸಪೇಟೆಯ ಅದಿರು ಅವನ ಕಣ್ಣೆದುರೇ ಮುರ್ಮಗೋವಾ ಬಂದರಿಗೆ ಹೋಗುತ್ತಿತ್ತು. ಅಲ್ಲಿಂದ ಜಪಾನಿನ ಹಡಗು ಅದನ್ನು ಒಯ್ಯುತ್ತದೆ ಎಂದು ಒಂದು ದಿನ ಅಜ್ಜಿಗೆ ಹೇಗೋ ಗೊತ್ತಾಯಿತು. ಆ ಹಡಗಿನವರನ್ನು ಕೇಳಿಸು, ನಮ್ಮವರನ್ನು ಎಲ್ಲಿ ಇಳಿಸಿದರು ಅಂತ ಎಂದು ಅಳಿಯನಿಗೆ ಹೇಳಿಕಳಿಸಿದಳು. ಅಪ್ಪ ನಕ್ಕುಬಿಟ್ಟ. ಆ ನಗುವಿಗೆ ಅಜ್ಜಿ ಮುಂದೆ ನಮ್ಮ ಮನೆಗೆ ಬಂದಾಗಲೆಲ್ಲ ಬರೀ ಚಹಾ ಕುಡಿದು ಎದ್ದು ಹೋಗುತ್ತಿದ್ದಳು.

ಮಾರ್ಕಮ್‌ನ ಚಳಿಗಾಲದಲ್ಲಿ ಮುದುಕರಿಗೆ ಇರುವ ಜಾಗವೆಂದರೆ ಮಾಲು. ಶನಿವಾರ ಅವ್ವನನ್ನು ಅಲ್ಲಿ ಎರಡು ಸುತ್ತು ನಡೆಸಿ ಫುಡ್ ಕೋರ್ಟಿನಲ್ಲಿ ಕೂರಿಸುತ್ತಿದ್ದೆ. ಪಕ್ಕದ ಮೇಜಿನಲ್ಲಿ ಪ್ರತಿ ವಾರವೂ ಒಬ್ಬ ಜಪಾನಿ ಮುದುಕರು ಕೂರುತ್ತಿದ್ದರು. ಮಗಳ ಮನೆಯಲ್ಲಿದ್ದರು, ಎಂಬತ್ತರ ವಯಸ್ಸು, ಜೀವಮಾನವೆಲ್ಲ ಸರಕಿನ ಹಡಗಿನಲ್ಲಿ ಅಧಿಕಾರಿಯಾಗಿದ್ದವರು. ಹಡಗಿನಲ್ಲಿ ಕಲಿತ ಇಂಗ್ಲಿಷ್ ಚೆನ್ನಾಗಿ ಆಡುತ್ತಿದ್ದರು. ನಾವು ಎಲ್ಲಿಯವರೆಂದು ಕೇಳಿ, ತಾನು ಪ್ರಾಯದಲ್ಲಿ ಮುರ್ಮಗೋವಾಕ್ಕೆ ಅದಿರು ತುಂಬಲು ಬರುತ್ತಿದ್ದೆ, ಕೆಂಪು ಧೂಳು ಕಿವಿಯಿಂದ ಹೋಗಲು ವಾರ ಹಿಡಿಯುತ್ತಿತ್ತು ಎಂದರು. ಇಂಗ್ಲಿಷ್ ಬಾರದ ಅವ್ವನಿಗೆ ಆ ಊರಿನ ಹೆಸರೊಂದು ಸಾಕಾಯಿತು. ನೆಟ್ಟಗೆ ಕೂತಳು.

“ನಮ್ಮಪ್ಪನ್ನ ಎಲ್ಲಿ ಇಳಿಸಿದ್ರು, ಕೇಳವಾ,” ಎಂದಳು.

ನನಗೆ ನಾಚಿಕೆಯಾಯಿತು. ಆದರೂ ಕೇಳಿದೆ. ಅವರು ನಗಲಿಲ್ಲ, ಜೇಬಿನಿಂದ ಪೆನ್ನು ತೆಗೆದರು. ಅಪ್ಪ ನಕ್ಕದ್ದನ್ನು ಮರೆಯದ ಅವ್ವ ಅಂದಿನಿಂದ ಅವರನ್ನು ಅಣ್ಣಾರು ಎಂದೇ ಕರೆದಳು.

ಮುಂದಿನ ವಾರ ಒಂದು ದಪ್ಪ ನೋಟ್‌ಬುಕ್ಕು ತಂದರು. ಯುದ್ಧದಲ್ಲಿ ಮುಳುಗಿದ ಸರಕಿನ ಹಡಗುಗಳ ಲೆಕ್ಕ, ಅವರೇ ಬರೆದಿಟ್ಟದ್ದು, ಒಂದು ಪುಟಕ್ಕೆ ಒಂದು ಹಡಗು. ಹೆಸರು, ದಿನಾಂಕ, ಬಂದರು, ಸರಕು ಇವು ಇಂಗ್ಲಿಷಿನಲ್ಲಿ, ಉಳಿದದ್ದು ಅವರ ಭಾಷೆಯಲ್ಲಿ. ಯುದ್ಧಕ್ಕೆ ಮೊದಲು ಇವೇ ಹಡಗುಗಳು ಬೊಂಬಾಯಿಯ ಹತ್ತಿ ಒಯ್ಯುತ್ತಿದ್ದವಂತೆ. ಯುದ್ಧ ಬಂದಾಗ ಸೈನ್ಯ ಅವನ್ನು ನಾವಿಕರ ಸಮೇತ ವಶಕ್ಕೆ ತೆಗೆದುಕೊಂಡು ಬೂದಿ ಬಣ್ಣ ಬಳಿಸಿತು. ಅದಿರು, ಅಕ್ಕಿ, ಸಿಪಾಯಿಗಳು, ಕೆಲವುಗಳಲ್ಲಿ ಕೆಳಗಿನ ಕತ್ತಲೆಯಲ್ಲಿ ಸೆರೆಯಾಳುಗಳು. ಒಳಗೆ ಯಾರಿದ್ದಾರೆ ಎಂದು ಹೊರಗೆ ಗುರುತಿಲ್ಲ. ಎದುರು ಪಕ್ಷದ ಜಲಾಂತರ್ಗಾಮಿಗಳು ಎಲ್ಲವನ್ನೂ ಒಂದೇ ಸಮ ಮುಳುಗಿಸಿದವು. ಇವರ ತಂದೆ ಅಂಥದೊಂದು ಹಡಗಿನ ಎಂಜಿನಿಯರು. ಮನೆಗೆ ಬಂದದ್ದು ಬಿಳಿ ಬಟ್ಟೆ ಸುತ್ತಿದ ಪೆಟ್ಟಿಗೆ, ಒಳಗೆ ಹೆಸರು ಬರೆದ ಒಂದು ಚೀಟಿ.

“ನಮ್ಮ ತಂದೆ ಒಯ್ಯುತ್ತಿದ್ದದ್ದು ಅಕ್ಕಿ,” ಎಂದರು. ಆಮೇಲೆಯೂ ಅದನ್ನು ಎಷ್ಟೋ ಸಲ ಹೇಳಿದರು. ಮುದುಕರ ಪಲ್ಲವಿ ಎಂದು ನಾನು ಕಾಫಿ ಕುಡಿಯುತ್ತ ತಲೆಯಾಡಿಸುತ್ತಿದ್ದೆ.

ನೋಟ್‌ಬುಕ್ಕಿನಲ್ಲಿ ತಪ್ಪಾದ ಕಡೆ ಅವರು ಅಳಿಸುತ್ತಿರಲಿಲ್ಲ. ಹಳೆಯದು ಕಾಣುವಂತೆ ಒಂದೇ ಗೆರೆ ಎಳೆದು, ಮೇಲೆ ಸರಿಯಾದದ್ದು ಬರೆದು, ಪಕ್ಕಕ್ಕೆ ಸಹಿ. ಹಡಗಿನ ಕಾಗದದ ಪದ್ಧತಿ ಅದು. ನಮ್ಮ ಆಫೀಸಿನಲ್ಲೂ ಹಾಗೇ ಎಂದಾಗ ಅವರಿಗೆ ಬಹಳ ಸಂತೋಷವಾಯಿತು.

ಒಂದೂವರೆ ವರ್ಷ ಅವರು ಎಲ್ಲೆಲ್ಲಿಗೋ ಪತ್ರ ಬರೆದರು. ಕೊನೆಗೆ ಸಿಕ್ಕದ್ದು ಮೂರು ಹಡಗುಗಳ ಹೆಸರು. ಸಿಂಗಾಪುರದಿಂದ ದ್ವೀಪಗಳ ಕಡೆಗೆ ನಮ್ಮವರನ್ನು ತುಂಬಿಕೊಂಡು ಹೋಗಿರಬಹುದಾದವು. ಯಾವುದರಲ್ಲಿ ಯಾರಿದ್ದರು ಎಂದು ಎಲ್ಲೂ ಬರೆದಿಲ್ಲ, ಇನ್ನು ಹುಡುಕಲು ಜಾಗವಿಲ್ಲ ಎಂದು ತಲೆ ತಗ್ಗಿಸಿದರು. ಒಂದು ಬೋಲ್ಟು ಬಂದರೂ ಪಟ್ಟಿ ಮಾಡುವವಳು ನಾನು. ನನ್ನಜ್ಜನಿಗೆ ಪಟ್ಟಿಯಿಲ್ಲ ಎಂದು ಕೇಳಿ ಮೈಯೆಲ್ಲ ಉರಿಯಿತು.

ಅಷ್ಟರಲ್ಲಿ ಅವ್ವನ ಹೃದಯ ಸೋತಿತ್ತು. ಡಾಕ್ಟರು ಹೆಚ್ಚು ದಿನ ಹೇಳಿರಲಿಲ್ಲ. ಅವಳಿಗೆ ಬೇಕಾದದ್ದು ಒಂದೇ.

“ಯಾವ ದಿನ ಹ್ವಾದ ಅಂತ ತಿಳೀಲಿ. ಒಂದ್ ಎಡಿ ಇಟ್ಟು ನಾನೂ ಹೊಕ್ಕೀನಿ. ಇಲ್ಲಾಂದ್ರ ಅಂವಗ ಇಡವ್ರು ಯಾರು?”

ನನ್ನ ಮಗ ಇಡುವುದಿಲ್ಲ, ಅದು ಅವಳಿಗೂ ಗೊತ್ತು. ನಾನು ನೋಟ್‌ಬುಕ್ಕನ್ನು ನಾಲ್ಕು ದಿನಕ್ಕೆಂದು ಕೇಳಿ ತಂದೆ. ಆ ಮೂರು ಹಡಗುಗಳ ಪುಟದಲ್ಲಿ ಎರಡೆರಡು ಸಾಲು, ಮುಳುಗಿದ ದಿನವೂ ಇಲ್ಲ. ಮುಂದೆ ಒಂದು ಪುಟ ಮಾತ್ರ ಅಂಚಿನವರೆಗೆ ತುಂಬಿತ್ತು. ಹಡಗಿನ ಹೆಸರು, ದಿನಾಂಕ, ಗಂಟೆ, ಯಾವ ಸಮುದ್ರ ಎಲ್ಲ ಇತ್ತು. ಸರಕಿನ ಜಾಗದಲ್ಲಿ ಅಕ್ಕಿ ಎಂದಿತ್ತು. ಅಷ್ಟನ್ನು ಬಿಟ್ಟು ಉಳಿದದ್ದನ್ನು ಚೀಟಿಯಲ್ಲಿ ಕನ್ನಡದಲ್ಲಿ ಬರೆದುಕೊಂಡೆ. ಇಷ್ಟು ತುಂಬ ಯಾಕೆ ಬರೆದಿದ್ದಾರೆ ಎಂದು ಒಂದು ಕ್ಷಣವೂ ಯೋಚಿಸಲಿಲ್ಲ. ಕಾಗದ ಹೊಂದಿತು, ಅಷ್ಟೇ ನೋಡಿದೆ.

ಅಜ್ಜನ ಹಡಗು ಸಿಕ್ಕಿತು ಎಂದು ಅವ್ವನಿಗೆ ಹೇಳಿದೆ. ಎಲ್ಲರೂ ನಿದ್ದೆಯಲ್ಲಿದ್ದಾಗ ಮುಳುಗಿತಂತೆ ಎಂದು ಕೈಯಿಂದ ಒಂದಿಷ್ಟು ಸೇರಿಸಿದೆ. ಅವಳು ಅಳಲಿಲ್ಲ. ಕತ್ತಲಿತ್ತಾ ಎಂದಷ್ಟೇ ಕೇಳಿದಳು. ಹೂಂ ಎಂದೆ. “ಅಂವಗ ಕತ್ತಲಂದ್ರ ಅಂಜಿಕಿ ಇತ್ತಂತ, ನಮ್ಮವ್ವ ಹೇಳ್ತಿದ್ಳು,” ಎಂದು ಗೋಡೆಯ ಕಡೆ ತಿರುಗಿ ಮಲಗಿದಳು.

೨೦೧೮ರ ಮಹಾಲಯ ಅಮಾವಾಸ್ಯೆಗೆ ಹೋಳಿಗೆ, ಬದನೆಕಾಯಿ ಪಲ್ಯ, ಜೋಳದ ರೊಟ್ಟಿ ಮಾಡಿ ಅಜ್ಜನ ಕಾರ್ಡಿನ ಮುಂದೆ ಮೊದಲ ಎಡೆ ಇಟ್ಟೆವು. ಪಕ್ಕದಲ್ಲಿ ಅಜ್ಜಿಯ ಫೋಟೊ. ಪ್ರತಿ ಹಬ್ಬಕ್ಕೂ ಅದಕ್ಕೆ ಅವ್ವನೇ ಕುಂಕುಮ ಹಚ್ಚುವವಳು. ಅಂದು ಬೆರಳು ಫೋಟೊದವರೆಗೆ ಹೋಗಿ ಹಿಂದೆ ಬಂತು. ಕುಂಕುಮವನ್ನು ಸೆರಗಿಗೆ ಒರೆಸಿಕೊಂಡಳು. ಅಜ್ಜಿ ಒಂದು ಜೀವಮಾನ ಕಾಪಾಡಿಕೊಂಡದ್ದನ್ನು ನನ್ನ ಒಂದು ಚೀಟಿ ಅಳಿಸಿತ್ತು.

ಆ ಶನಿವಾರ ಮಾಲಿಗೆ ಅವ್ವ ಡಬ್ಬಿಯಲ್ಲಿ ಹೋಳಿಗೆ ಒಯ್ದಳು. ನಾನು ಕಾಫಿಯ ಸಾಲಿನಲ್ಲಿ ನಿಂತಿದ್ದೆ. ಅವಳು ಅಜ್ಜನ ಕಾರ್ಡು ತೋರಿಸಿ, ನನ್ನ ಚೀಟಿ ನೋಡಿಕೊಂಡು, ಹಡಗಿನ ಹೆಸರನ್ನು ಅವರಿಗೆ ಗಟ್ಟಿಯಾಗಿ ಓದಿ ಹೇಳಿದ್ದಾಳೆ. ನಾನು ಬರುವಷ್ಟರಲ್ಲಿ ಅವರ ಮುಖದಲ್ಲಿ ರಕ್ತವಿರಲಿಲ್ಲ. ಅದು ನನ್ನ ತಂದೆಯ ಹಡಗು, ನಿಮಗೆ ಹೇಗೆ ಗೊತ್ತಾಯಿತು ಎಂದು ಕೇಳಿದರು.

ಆಗಲೇ ಹೇಳಬೇಕಿತ್ತು. ಅವ್ವ ನನ್ನನ್ನೇ ನೋಡುತ್ತಿದ್ದಳು. ಭಾರತದಿಂದ ಕಾಗದ ಬಂತು ಎಂದೆ. ಕಾಗದ ಎಂದ ಮೇಲೆ ಅವರು ಮತ್ತೇನೂ ಕೇಳಲಿಲ್ಲ.

ಭಾನುವಾರ ಬೆಳಿಗ್ಗೆ ಕಪ್ಪು ಕೋಟು ಹಾಕಿಕೊಂಡು ಮನೆಗೆ ಬಂದರು. ಅಜ್ಜನ ಕಾರ್ಡಿಗೆ ಕೈ ಜೋಡಿಸಿ, ಅವ್ವನ ಮುಂದೆ ಮಂಡಿಯೂರಿ ಹಣೆಯನ್ನು ಕಾರ್ಪೆಟ್ಟಿಗೆ ತಾಗಿಸಿದರು. ಆ ವಯಸ್ಸಿನ ಬೆನ್ನು ಬಾಗಲು ಎಷ್ಟು ಹೊತ್ತು ಬೇಕಾಯಿತು ಎಂಬುದು ನನಗೆ ನೆನಪಿದೆ.

“ಏಳ್ರಿ ಅಣ್ಣಾರ,” ಎಂದಳು ಅವ್ವ. “ನಿಮ್ಮಪ್ಪಾರೂ ಮುಳುಗ್ಯಾರಲ್ರಿ.”

ಇದನ್ನು ನಾನು ಇಂಗ್ಲಿಷಿಗೆ ಮಾಡಿ ಹೇಳಿದೆ. ಆ ಒಂದೂವರೆ ವರ್ಷದ ಮಾತುಕತೆಯಲ್ಲಿ ನಾನು ಏನೂ ಸೇರಿಸದೆ ದಾಟಿಸಿದ ಮಾತು ಬಹುಶಃ ಅದೊಂದೇ.

ಮರುದಿನ ರಜೆ ಹಾಕಿ ಅವರ ಮಗಳ ಮನೆಗೆ ಹೋಗಿ ಎಲ್ಲವನ್ನೂ ಒಪ್ಪಿಕೊಂಡೆ. ಕಾಗದ ಬರಲಿಲ್ಲ, ನಾನೇ ಆರಿಸಿದೆ, ನಿಮ್ಮ ತಂದೆ ಅಕ್ಕಿಯನ್ನೇ ಒಯ್ದಿದ್ದಾರೆ ಎಂದು ಕೈ ಮುಗಿದೆ. ಅವರು ಶಾಂತವಾಗಿ ಕೇಳಿಸಿಕೊಂಡರು.

“ಅಕ್ಕಿ ಎಂದು ನನಗೆ ಹೇಳಿದ್ದು ನನ್ನ ತಾಯಿ,” ಎಂದರು. “ನಾನಾಗ ಚಿಕ್ಕವನು. ಅವರೂ ನಿಮ್ಮ ಹಾಗೇ ಒಳ್ಳೆಯವರು.”

ತಮ್ಮನ್ನು ಸಮಾಧಾನ ಮಾಡಲು ನಾನು ಸುಳ್ಳು ಹೇಳುತ್ತಿದ್ದೇನೆ ಎಂದುಕೊಂಡರು, ಎಷ್ಟು ಸಲ ಹೇಳಿದರೂ ನಂಬಲಿಲ್ಲ. ಚಹಾ ಕೊಟ್ಟು, ಬಾಗಿಲವರೆಗೆ ಬಂದು ಕಳಿಸಿದರು.

ಅವ್ವ ಆ ಚಳಿಗಾಲದಲ್ಲೇ ಹೋದಳು. ಆ ಜಪಾನಿ ಹಿರಿಯರನ್ನು ಮಗಳು ಹತ್ತಿರದ ಅರೋರಾ ಊರಿನ ಒಂದು ವೃದ್ಧಾಶ್ರಮಕ್ಕೆ ಸೇರಿಸಿದಳು. ನಾನು ಎರಡು ಸಲ ಹೋದೆ. ಎರಡನೆಯ ಸಲ ನನ್ನ ಗುರುತು ಸಿಗಲಿಲ್ಲ. ೨೦೧೯ರ ಮಹಾಲಯಕ್ಕೆ ಸ್ವಲ್ಪ ಮುಂಚೆ ಆ ಮಗಳು ನನ್ನ ಆಫೀಸಿಗೆ ಬಂದು, ಅಪ್ಪ ತೀರಿಕೊಂಡರು, ಇದು ನಿಮಗೆ ಸೇರಬೇಕೆಂದು ಮೊದಲೇ ಹೇಳಿಟ್ಟಿದ್ದರು ಎಂದು ನೋಟ್‌ಬುಕ್ಕು ಕೊಟ್ಟು ಹೋದಳು.

ತುಂಬಿದ ಆ ಪುಟವನ್ನು ತೆರೆದೆ. ಸರಕಿನ ಜಾಗದಲ್ಲಿ ಒಂದು ಗೆರೆ ಎಳೆದಿದ್ದರು. ಮೇಲೆ ನಡುಗುವ ಇಂಗ್ಲಿಷ್ ಅಕ್ಷರಗಳಲ್ಲಿ ಸೆರೆಯಾಳುಗಳು ಎಂದು ಬರೆದು, ಪಕ್ಕಕ್ಕೆ ಸಹಿ ಮಾಡಿದ್ದರು. ಅದನ್ನು ಹೊಡೆದು ಮತ್ತೆ ಅಕ್ಕಿ ಎಂದು ಬರೆಯಲು ನಾನು ಪೆನ್ನು ಕೈಗೆ ತೆಗೆದುಕೊಂಡೆ. ಬರೆದವರೇ ಸಹಿ ಹಾಕದೆ ಯಾವ ತಿದ್ದುಪಡಿಯೂ ನಡೆಯುವುದಿಲ್ಲ, ಅದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಗೆರೆಯ ಕೆಳಗೆ ಅಕ್ಕಿ ಎಂದು ಇನ್ನೂ ಓದಲು ಬರುತ್ತಿತ್ತು.