ಶಿವಮ್ಮಜ್ಜಿಯ ಕಾಗದದ ಮನೆ

ಶಕುನ, ಸೂಚನೆ ಎಂದು ಯಾರಾದರೂ ಮಾತು ತೆಗೆದರೆ ನಾನು ಎದ್ದು ಹೋಗುತ್ತಿದ್ದವನು. ಕಾಗದದಲ್ಲಿ ಮನೆ ಕಟ್ಟುವ ನನಗೆ ಅಳತೆಯ ಮೇಲೆ ಮಾತ್ರ ನಂಬಿಕೆ. ಆದರೂ ಇದನ್ನು ಬರೆಯುತ್ತಿದ್ದೇನೆ. ನೀವು ನಂಬಲೇಬೇಕೆಂದಿಲ್ಲ, ನನಗೇ ಪೂರ್ತಿ ನಂಬಿಕೆಯಿಲ್ಲ.

ಕೆಲವು ವರ್ಷಗಳ ಹಿಂದೆ, ಗುಂಡ್ಲುಪೇಟೆಯ ನನ್ನ ಕೋಣೆಯಲ್ಲಿ ಕೂತು, ಯುದ್ಧದಲ್ಲಿ ಕುಸಿದ ಮನೆಗಳನ್ನು ಬಿಳಿ ಕಾಗದದಲ್ಲಿ ಮಾಡುತ್ತಿದ್ದೆ. ಎಲ್ಲವೂ ಪತ್ರಿಕೆಯ ಚಿತ್ರಗಳಲ್ಲಿ ಕಂಡ ದೂರದೇಶದ ಮನೆಗಳು. ಚಾಮರಾಜನಗರದಲ್ಲಿ ಅವನ್ನು ಪ್ರದರ್ಶನಕ್ಕಿಟ್ಟಾಗ ಹರವೆ ಊರಿನ ಶಿವಮ್ಮಜ್ಜಿ ತಮ್ಮನ ಜೊತೆ ನೋಡಲು ಬಂದರು. ಅವರ ಗಂಡ ಎಪ್ಪತ್ತೊಂದರ ಯುದ್ಧಕ್ಕೆ ಹೋದವರು. ಸುದ್ದಿ ಬಂತು, ದೇಹ ಬರಲಿಲ್ಲ. ಗಂಡ ಹೊಸಿಲು ದಾಟಿ ಹೋದ ಆ ಮನೆಯನ್ನೂ ಮುಂದೆ ರಸ್ತೆ ಅಗಲ ಮಾಡುವಾಗ ಕೆಡವಿಬಿಟ್ಟರಂತೆ. ಒಂದು ಫೋಟೋ ಕೂಡ ಉಳಿದಿರಲಿಲ್ಲ.

“ಈಗೀಗ ಕಣ್ ಮುಚ್ಚುದ್ರೆ ಮನೆನೂ ಕಾಣಲ್ಲ, ಅವ್ರೂ ಕಾಣಲ್ಲ ಕಣಪ್ಪ. ನಂಗೂ ಒಂದ್ ಮನೆ ಮಾಡ್ಕೊಡು,” ಎಂದರು. ಒಪ್ಪಿಕೊಂಡು, ಆ ಮನೆ ಹೇಗಿತ್ತೆಂದು ಕೇಳಿ ಬರೆದುಕೊಂಡೆ.

ಅವರು ಹೇಳಿದಂತೆಯೇ ತೊಟ್ಟಿಮನೆ ಮಾಡಿದೆ. ಬಾಗಿಲ ಬಲಗಡೆ ಬರೀ ಗೋಡೆ ಎಂದಿದ್ದರು. ಕಾಗದದ ಚೂರುಗಳನ್ನು ಒಂದರ ಮೇಲೊಂದು ಮೈದಾ ಅಂಟಿನಲ್ಲಿ ಕೂರಿಸಿ ಗೋಡೆ ನಿಲ್ಲಿಸಿದೆ. ಬೆಳಿಗ್ಗೆ ಎದ್ದು ನೋಡಿದರೆ ಆ ಗೋಡೆಯಲ್ಲಿ ಬೆರಳು ತೂರುವಷ್ಟು ಜಾಗ ಕಳಚಿ ಬಿದ್ದಿತ್ತು. ಮತ್ತೆ ಅಂಟಿಸಿದೆ, ಮತ್ತೆ ಬಿತ್ತು. ಅಂಟು ಬದಲಿಸಿದೆ. ಸಿಟ್ಟು ಬಂದು ಗೋಡೆಯನ್ನೇ ಹೊಸದಾಗಿ ಮಾಡಿದೆ, ಆಗಲೂ ಅದೇ ಜಾಗ! ಊಟ ರುಚಿಸದು, ಬೇರೆ ಕೆಲಸಕ್ಕೆ ಕೈ ಹೋಗದು. ಕೊನೆಗೆ, ಗಾಳಿಯ ತೇವವಿರಬೇಕು ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡು, ತೂತಿನ ಸಮೇತ ಮನೆಯನ್ನು ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ಹರವೆಗೆ ಹೊರಟೆ.

ಮಧ್ಯಾಹ್ನದ ಬಿಸಿಲು. ಅಜ್ಜಿ ತಮ್ಮನ ಮನೆಯ ಜಗಲಿಯಲ್ಲಿದ್ದರು. ತೂತಿನ ವಿಷಯ ಹೇಳೋಣವೆಂದು ನಾನು ಬಾಯಿ ತೆರೆಯುವಷ್ಟರಲ್ಲಿ ಅವರ ಬೆರಳು ನೇರ ಅದರೊಳಕ್ಕೇ ಹೋಯಿತು.

“ದೀಪದ್ ಗೂಡು! ಅವ್ರು ಊರ್ ಬುಟ್ಟೋದಾಗಿಂದ ದಿನಾ ಇಲ್ಲಿ ದೀಪ ಅಚ್ತಿದ್ದೆ. ಸುದ್ದಿ ಬಂದ್ ದಿನ ನಾನೇ ಮಣ್ ಮೆತ್ತಿ ಮುಚ್ಬುಟ್ಟೆ. ಆಮೇಲ್ ಅದ್ರ ಮಾತೇ ಎತ್ನಿಲ್ಲ. ನಿಂಗ್ಯಾರ್ ಏಳುದ್ರು?”

ನನಗೆ ಯಾರೂ ಹೇಳಿರಲಿಲ್ಲ. “ಅಂಟು ಹಿಡೀಲಿಲ್ಲ ಅಜ್ಜಿ. ಬೇಕಾದ್ರೆ ಈಗ್ಲೇ ಮುಚ್ಚಿಕೊಡ್ತೀನಿ,” ಎಂದೆ.

“ಬ್ಯಾಡ, ಬುಡು.” ಬೆರಳನ್ನು ಅಲ್ಲೇ ಇಟ್ಟುಕೊಂಡು ಕಣ್ಣು ಮುಚ್ಚಿದರು. ಮೆಲ್ಲಗೆ, “ಕಾಣ್ತಾವ್ರೆ,” ಎಂದರು.

ಬೆರಳು ಹೊರಗೆ ತೆಗೆದಾಗ ಅದರ ತುದಿಗೆ ದೀಪದ ಮಸಿ ಹತ್ತಿತ್ತು. ಬಗ್ಗಿ ನೋಡಿದೆ. ಗೂಡಿನೊಳಗಿನ ಕಾಗದ ಬೆಳ್ಳಗಿತ್ತು. ನನ್ನ ಬೆರಳನ್ನೂ ಹಾಕಿ ಒರೆಸಿದೆ, ಏನೂ ಹತ್ತಲಿಲ್ಲ.

ಇವತ್ತಿಗೂ ಅದೇ ಕಾಗದ, ಅದೇ ಮೈದಾ ಅಂಟು ಬಳಸುತ್ತೇನೆ. ಬೇರೆ ಯಾವ ಗೋಡೆಯೂ ಹಾಗೆ ಕಳಚಿಲ್ಲ. ಆ ಮಸಿ ಎಲ್ಲಿಂದ ಬಂತೋ ನನಗೆ ಗೊತ್ತಿಲ್ಲ. ಅಜ್ಜಿ ಅದನ್ನು ಕೇಳಲೇ ಇಲ್ಲ. ಬೆರಳನ್ನು ಸೆರಗಿಗೆ ಒರೆಸದೆ, ಹಾಗೇ ಅಂಗೈಯೊಳಗೆ ಮಡಚಿಟ್ಟುಕೊಂಡರು.