ತೊಟ್ಟಿಲಿಗೆ ಹಚ್ಚಿದ ಎರಡು ಎಣ್ಣೆ

ರೊಟ್ಟಿಗೆ ಹಚ್ಚಿಕೊಳ್ಳುವ ಹಿಂಡಿ ಕುಟ್ಟಬೇಕೆಂದು ಅಗಸಿ ಹುರಿಯುತ್ತಿದ್ದೆ. ಬಾಣಲೆಯಲ್ಲಿ ಕಾಳು ಚಟಪಟ ಸಿಡಿಯುತ್ತಿದ್ದವು. ಅಗಸಿ ಹುರಿಯುವಾಗ ಕಣ್ಣು ಅತ್ತಿತ್ತ ಹೋಗಬಾರದು, ಸ್ವಲ್ಪ ಮೈಮರೆತರೆ ಕಹಿ. ಆಗಲೇ ಬಿಜ್ಜರಗಿಯಿಂದ ಬೆಣ್ಣೆ ತರುವ ಮುದುಕಿ, ತಲೆಯ ಮೇಲಿನ ಬುಟ್ಟಿ ಇಳಿಸುವ ಮೊದಲೇ ಬಾಗಿಲಲ್ಲಿ ಕೂಗಿದಳು.

“ಬಾಯಾರ, ಮೊದಲ ನನ್ನ ಬಾಯಾಗ ಸಕ್ರಿ ಹಾಕ್ರಿ, ಆಮ್ಯಾಲ ಹೇಳ್ತೀನಿ!”

“ಏನಾತಬೇ? ಲಗೂ ಹೇಳ!”

“ಟಿಕೋಟಾದಾಗ, ನಿಮ್ಮ ತವರಮನ್ಯಾಗ, ನಿಮ್ಮ ಅಕ್ಕಾರು ಹಡದಾರ. ಮೊನ್ನಿ. ಹೆಣ್ಣ ಕೂಸು. ತಾಯಿ ಮಗಳು ಇಬ್ಬರೂ ಅರಾಮ ಅದಾರ.”

ನನ್ನ ಅಕ್ಕ! ಬಬಲೇಶ್ವರಕ್ಕೆ ಸೊಸೆಯಾಗಿ ಹೋಗಿ ಹನ್ನೊಂದು ವರ್ಷವಾಗಿತ್ತು. ಹರಕೆ ಹೊರದ ದೇವರಿಲ್ಲ, ಹಿಡಿಯದ ಉಪವಾಸವಿಲ್ಲ. ನಾನು ಸಕ್ಕರೆ ಡಬ್ಬಿ ಹಿಡಿದು ಮನೆಯೆಲ್ಲ ಕುಣಿದೆ. ಮುದುಕಿಯ ಬಾಯಿಗೆ ಹಾಕಿದೆ, ಅತ್ತೆಯ ಬಾಯಿಗೆ ಹಾಕಿದೆ, ಗೋಡೆ ಹತ್ತಿ ನಿಂತಿದ್ದ ಪಕ್ಕದ ಮನೆಯ ಆಡಿಗೂ ಹಾಕಿದೆ. ದೇವರ ಮುಂದೆ ಎರಡು ಬತ್ತಿ ಹೆಚ್ಚಿಗೆ ಹಚ್ಚಿದೆ. ಅಷ್ಟರಲ್ಲಿ ಅಗಸಿ ಸುಟ್ಟು ಕರಿಯಾಗಿತ್ತು. ಅತ್ತೆ ಬೈಯಲಿಲ್ಲ, ಅದೊಂದು ಪುಣ್ಯ.

“ಮತ್ತ ಇನ್ನೊಂದ ಮಾತ ಹೇಳಿ ಕಳಿಸ್ಯಾರ,” ಎಂದಳು ಮುದುಕಿ. “ಹದಿಮೂರನೇ ದಿನಕ್ಕ ಹೆಸರ ಇಡೋದಂತ. ತೊಟ್ಟಲಾ ನೀವ ತರಬೇಕಂತ.”

ನನ್ನ ಕುಣಿತ ಅಲ್ಲಿಗೇ ನಿಂತಿತು.

ಅದು ನಮ್ಮ ತವರಿನ ತೊಟ್ಟಿಲು. ಸುತ್ತಲಿನ ಕಟ್ಟು ಸಾಗವಾನಿ, ತಳಕ್ಕೆ ನಮ್ಮ ಅಜ್ಜ ಹಾಕಿಸಿದ ಮಾವಿನ ಹಲಗೆ. ಅಕ್ಕನೂ ನಾನೂ ಅದರಲ್ಲೇ ಬೆಳೆದವರು. ನನ್ನ ಎರಡನೆಯ ಬಾಣಂತನ ವಿಜಾಪುರದಲ್ಲೇ ಆದಾಗ ಅದು ಈ ಮನೆಗೆ ಬಂತು. ನನ್ನ ಎರಡೂ ಮಕ್ಕಳ ಹೆಸರಿಡುವಾಗ ತೂಗಿದವಳು ಅಕ್ಕನೇ. ಎರಡನೆಯ ಸಲ ತೊಟ್ಟಿಲು ಬಿಚ್ಚಿ ಇಡುವಾಗ ಅದರ ಅಂಚಿನ ಮೇಲೆ ಕೈಯಾಡಿಸಿ ಹೇಳಿದ್ದಳು: “ಇದನ್ನ ಜ್ವಾಪಾನ ಮಾಡ ಬೇ. ಇಂದಿಲ್ಲ ನಾಳಿ ನನಗೂ ಬೇಕಾಗ್ತೈತಿ.” ನಾನು ಹೂಂ ಅಂದೆ. ಹೂಂ ಅಂದವಳು ಅದನ್ನು ಅಟ್ಟಕ್ಕೆ, ಕಟ್ಟಿಗೆಯ ಹೊರೆಯ ಮಗ್ಗುಲಿಗೆ ನೂಕಿ, ನಾಲ್ಕು ವರ್ಷ ತಿರುಗಿ ನೋಡಿರಲಿಲ್ಲ.

ಅಂದೇ ಅಟ್ಟ ಹತ್ತಿದೆ. ಕೆಳಗೆ ಅತ್ತೆ ಕೈಚಾಚಿ ನಿಂತಿದ್ದರು. ತೊಟ್ಟಿಲು ಎಳೆದದ್ದೇ ತಡ, ಅವರ ತಲೆಯ ಮೇಲೆ ಹಳದಿ ಪುಡಿ ಸುರಿಯಿತು.

“ಇದೇನ ಬೇ, ಮ್ಯಾಲಿಂದ ಹಿಟ್ಟ ಬೀಳಾಕತ್ತೈತಿ! ಅಟ್ಟದಾಗ ಗಿರಣಿ ಇಟ್ಟೀಯೇನ?”

ಹಿಟ್ಟಲ್ಲ, ಹುಳು ಕೊರೆದ ಕಟ್ಟಿಗೆಯ ಪುಡಿ. ಮಾವಿನ ಹಲಗೆಯ ತುಂಬ ಸೂಜಿಯಲ್ಲಿ ಚುಚ್ಚಿದಂತೆ ತೂತುಗಳು. ಬೆರಳಿಂದ ಒತ್ತಿದರೆ ಹಪ್ಪಳದಂತೆ ಮುರಿಯಿತು. ಸಾಗವಾನಿಗೆ ಹುಳು ಬಾಯಿ ಹಾಕಿರಲಿಲ್ಲ, ಅದು ಎರಡನೆಯ ಪುಣ್ಯ.

“ಒಲಿಗಿ ಹಾಕು. ಹೊಸಾದು ತಗೊಂಡ ಹೋಗೋಣು,” ಎಂದರು ಅತ್ತೆ.

“ಅಕ್ಕ ಹೊಸಾದು ಕೇಳಿಲ್ಲರೀ, ಇದನ್ನ ಕೇಳ್ಯಾಳ.”

ಅಪ್ಪ ಬಂಡಿಗೆ, ಕುಂಟೆಗೆ ಕೇರೆಣ್ಣೆ ಬಳಿಯುತ್ತಿದ್ದುದು ನನಗೆ ನೆನಪಿತ್ತು. ಮಡಿವಾಳರು ಬಟ್ಟೆಗೆ ಗುರುತು ಹಾಕುವ ಕೇರುಬೀಜದ ಕಪ್ಪು ಎಣ್ಣೆ ಅದು. ಹಚ್ಚಿದ ಕಟ್ಟಿಗೆಯ ಹತ್ತಿರ ಹುಳು ಸುಳಿಯುವುದಿಲ್ಲ. ಮರುದಿನವೇ ಬಜಾರಿನಿಂದ ಒಂದು ಬಾಟ್ಲಿ ತಂದು, ಹಾಡಿಕೊಳ್ಳುತ್ತ ಹಲಗೆಗೆ ಬಳಿದೆ. ಹಾಡಿದ್ದು ಮಂಗಳಾರತಿಯೋ ಜೋಗುಳವೋ, ಎರಡೂ ಕೂಡಿತ್ತು. ಬಾಟ್ಲಿ ತೀರಿತು. ಬೆವರು ಒರೆಸಿಕೊಂಡೆ. ಉಳಿದ ತೂತು ಮುಚ್ಚಿ ಬಿಗಿ ಮಾಡಲು ಬಡಿಗೇರ ಅಜ್ಜನನ್ನು ಕರೆಸಿದೆ.

ಅಜ್ಜ ಬಗ್ಗಿ ಮೂಸಿ ನೋಡಿದ. “ಏನ ಹಚ್ಚೀರಿ ಇದಕ್ಕ?”

“ಕ್ಯಾರೆಣ್ಣಿರೀ ಅಜ್ಜಾರ. ನಮ್ಮಪ್ಪ ಬಂಡಿಗಿ ಹಚ್ಚತಿದ್ದ.”

“ಬಂಡ್ಯಾಗ ಬಾಣಂತಿ ಕೂಸು ಬರೇ ಮೈಲೆ ಮಲಗತೈತೇನ ತಾಯಿ?” ಅಜ್ಜನ ದನಿ ಏರಿತು. “ಇದು ದೊಡ್ಡವರ ತೊಗಲನ್ನ ಸುಡತೈತಿ. ಹಸಗೂಸಿನ ಗತಿ ಏನ?”

ಹನ್ನೊಂದು ವರ್ಷ ಕಾದ ಕೂಸಿಗೆ ನನ್ನ ಕೈಯಾರೆ ಬೆಂಕಿಯ ಹಾಸಿಗೆ ಹಾಸಿದ್ದೆ.

“ಎಲ್ಲೆಲ್ಲಿ ಹಚ್ಚೀರಿ? ನೆನಪ ಮಾಡಿ ಹೇಳ್ರಿ.”

“ತಳದ ಹಲಗಿಗಿ ಅಷ್ಟರೀ. ಬಾಟ್ಲಿ ಸಣ್ಣದಿತ್ತು.”

“ಸಣ್ಣ ಬಾಟ್ಲಿ ಮಾರಿದಾವನ ಹೊಟ್ಟಿ ತಣ್ಣಗಿರಲಿ,” ಎಂದು ಅಜ್ಜ ಕೈಮುಗಿದ. ನಾನೂ ಮುಗಿದೆ. ಆ ಅಂಗಡಿಯವನ ಮುಖ ಕೂಡ ನೆನಪಿಲ್ಲ, ಆದರೂ ಎಷ್ಟೋ ವರ್ಷ ಸಂಜೆ ದೀಪ ಹಚ್ಚುವಾಗ ಅವನನ್ನು ನೆನೆದಿದ್ದೇನೆ.

ಅಜ್ಜ ಕೈಗೆ ಗೋಣಿತಟ್ಟು ಸುತ್ತಿಕೊಂಡು ಆ ಹಲಗೆ ಕಿತ್ತ. ಒಲೆಗೆ ಹಾಕಲು ಹೊರಟ ಅತ್ತೆಯನ್ನು ತಡೆದ: “ಇದರ ಹೊಗಿ ಬಡದ್ರೂ ಮಾರಿ ಬಾವ ಬರತೈತಿ, ಹುಗದ ಬಿಡ್ರಿ.” ಹಳೆಯ ಬಾಗಿಲಿನಿಂದ ತೆಗೆದ ಬೇವಿನ ಹಲಗೆಯನ್ನು ಕೊಯ್ದು ತಳಕ್ಕೆ ಕೂಡಿಸಿದ. ಬೇವು ಕಹಿ, ಹುಳುವಿಗೆ ಬೇಡವಾದ ಊಟ. ಆಮೇಲೆ ನನ್ನ ಕಡೆ ತಿರುಗಿದ.

“ಮನ್ಯಾಗ ಅಗಸಿ ಐತೇನ?”

“ಸುಟ್ಟದ್ದ ಐತಿ, ಹಸೀದೂ ಐತಿ!”

“ಹಸೀದು ಗಾಣಕ್ಕ ಒಯ್ರಿ. ಎಣ್ಣಿ ಬೆಚ್ಚಗ ಮಾಡಿ ತೆಳ್ಳಗ ಹಚ್ರಿ, ಒಣಾ ಅರಿವಿಲೆ ತಿಕ್ಕ್ರಿ. ಒಣಗಿದ ಮ್ಯಾಲ ಮತ್ತ ಹಚ್ರಿ. ಖುಷಿ ಆತಂತ ದಪ್ಪ ಬಳಿಬ್ಯಾಡ್ರಿ, ಅಂಟಂಟ ಆಗ್ತೈತಿ. ಕೂಸು ನೆಕ್ಕಿದ್ರೂ ಏನೂ ಆಗೂದಿಲ್ಲ.”

ಮರುದಿನ ಬೆಳಿಗ್ಗೆ ನನ್ನ ಮುಖ ಬೋಗುಣಿಯಂತೆ ಬಾತಿತ್ತು. ಕೇರೆಣ್ಣೆಯ ಕೈಯಿಂದಲೇ ಬೆವರು ಒರೆಸಿಕೊಂಡಿದ್ದೆನಲ್ಲ! ಒಂದು ಕಣ್ಣು ಪೂರ್ತಿ ಮುಚ್ಚಿತ್ತು, ಬೆರಳ ಸಂದಿಯಲ್ಲೆಲ್ಲ ಬೊಬ್ಬೆ. ನಮ್ಮ ಮನೆಯವರು ಸ್ನಾನ ಮುಗಿಸಿ ಬಂದವರು ನನ್ನನ್ನು ನೋಡಿ, ಗಂಭೀರವಾಗಿ, “ಯಾರ ಬೇಕಾಗಿತ್ತರೀ ತಮಗ?” ಎಂದರು. ನಗು ಬಂತು, ನಕ್ಕರೆ ಕೆನ್ನೆ ಉರಿಯಿತು, ಉರಿಗೆ ಅತ್ತುಬಿಟ್ಟೆ, ಅತ್ತದ್ದಕ್ಕೆ ಮತ್ತೆ ನಗು ಬಂತು. ಬಿಜ್ಜರಗಿಯ ಬೆಣ್ಣೆಯೆಲ್ಲ ನನ್ನ ಮುಖಕ್ಕೇ ಖರ್ಚಾಯಿತು. ಇನ್ನೊಂದು ಕಣ್ಣು ಕಾಣುತ್ತಿತ್ತು, ತೊಟ್ಟಿಲಿಗೆ ಎಣ್ಣೆ ತಿಕ್ಕಲು ಒಂದೇ ಸಾಕು.

ಕೈಗೆ ಬಟ್ಟೆ ಸುತ್ತಿಕೊಂಡು ಮೂರು ಸಲ ಹಚ್ಚಿ ತಿಕ್ಕಿದೆ. ನಮ್ಮೂರ ಬಿಸಿಲಿಗೆ ಏನು ಕಡಿಮೆ? ಎರಡೆರಡು ದಿನಕ್ಕೆ ಒಣಗಿತು. ಕೊನೆಗೆ ಸಾಗವಾನಿ ಜೇನಿನ ಬಣ್ಣಕ್ಕೆ ತಿರುಗಿತು. ಆದರೂ ನನಗೆ ಧೈರ್ಯವಿಲ್ಲ. ಕೂಡಿಸಿದ ಹಲಗೆ, ತಡೆಯುತ್ತದೋ ಇಲ್ಲವೋ. ಪಡಸಾಲೆಯ ತೊಲೆಗೆ ತೂಗುಹಾಕಿ ನಾನು ದೂರ ನಿಂತು ನೋಡುತ್ತಿದ್ದೆ.

“ಅತ್ಲಾಗ ಸರಿ,” ಎಂದು ಅತ್ತೆ ಸೆರಗು ಕಟ್ಟಿ, ಸ್ಟೂಲು ಹತ್ತಿ, ತೊಟ್ಟಿಲಲ್ಲಿ ಕುಳಿತೇ ಬಿಟ್ಟರು! ಕಾಲು ಎರಡೂ ಹೊರಗೆ. “ನೋಡಕೋತ ಏನ ನಿಂತೀರಿ? ತೂಗ್ರಿ!”

ಮನೆಯವರು ತೂಗಿದರು. ಬೆಣ್ಣೆಯ ಮುದುಕಿ ಅದೇ ಹೊತ್ತಿಗೆ ಒಳಗೆ ಬಂದಳು. “ಅವ್ವಾ! ಈ ಕೂಸು ಯಾವಾಗ ಹುಟ್ಟೇತಿ? ಹೆಸರ ಇಟ್ಟೀರೋ, ನಾ ಇಡಲ್ಯೋ?”

“ಹೆಸರ ಇರಲಿ, ಇಳಿಸ್ರಿ ಮೊದಲ!” ಎಂದರು ಅತ್ತೆ. ಹಲಗೆ ಕಿಮಕ್ ಅನ್ನಲಿಲ್ಲ. ಇಳಿಸುವುದಕ್ಕೆ ಮಾತ್ರ ಮೂವರು ಬೇಕಾದೆವು.

ಹದಿಮೂರನೆಯ ದಿನ ಬಸ್ಸಿನ ಮೇಲೆ ತೊಟ್ಟಿಲು ಕಟ್ಟಿಸಿಕೊಂಡು ಟಿಕೋಟಾಕ್ಕೆ ಹೋದೆವು. ನಮ್ಮಲ್ಲಿ ಕೂಸಿಗಿಂತ ಮೊದಲು ಖಾರ ಅರೆಯುವ ಗುಂಡುಕಲ್ಲಿಗೆ ಕುಂಚಿಗೆ ತೊಡಿಸಿ ತೊಟ್ಟಿಲಲ್ಲಿ ಇಟ್ಟು ತೂಗುತ್ತಾರೆ. ಚಿಕ್ಕವಳಿದ್ದಾಗ ಅದು ಆಟ ಅಂದುಕೊಂಡಿದ್ದೆ. ಅಂದು ಆ ಕಲ್ಲು ಒಳಗಿಳಿದಾಗ ನನ್ನ ಜೀವವೇ ಇಳಿಯಿತು. ಹೆಂಗಸರು ಹಾಡುತ್ತ ತೂಗಿದರು. ‘ಕಿರ್’ ಎಂಬ ಸದ್ದು ಬಂತು. ನನ್ನ ಎರಡೂ ಕೈ ತಾವಾಗಿಯೇ ತೊಟ್ಟಿಲ ಕೆಳಗೆ ಹೋದವು. ಕಿರಗುಟ್ಟಿದ್ದು ಹಲಗೆಯಲ್ಲ, ತೊಲೆಗೆ ಸುತ್ತಿದ ಹಗ್ಗ. ಶಿವನೇ, ಆ ಹಗ್ಗಕ್ಕೂ ನನ್ನ ನಮಸ್ಕಾರ.

ಕಲ್ಲು ತೆಗೆದು ಕೂಸನ್ನು ಮಲಗಿಸಿದರು. ಅಂಗೈ ಅಗಲದ ಮುಖ. ಬೇವಿನ ಹಲಗೆಯ ಮೇಲಿನ ಕೌದಿಯಲ್ಲಿ ಆಕಳಿಸಿ ಕಣ್ಣು ಮುಚ್ಚಿತು. ಹೆಸರು ಕಿವಿಯಲ್ಲಿ ಹೇಳಿದ್ದಾಯಿತು, ಗುಗ್ಗರಿ ಹಂಚಿದ್ದಾಯಿತು. ನಾನು ಅಕ್ಕನ ಮಗ್ಗುಲಿಗೆ ಸರಿದೆ.

“ಅಕ್ಕಾ, ಒಂದ ಮಾತ ಐತಿ. ನಾ ಇದನ್ನ ಜ್ವಾಪಾನ ಮಾಡಿರಲಿಲ್ಲ. ಅಟ್ಟಕ್ಕ ಒಗದಿದ್ದೆ, ಹುಳ ಹತ್ತಿತ್ತು.”

ಅಕ್ಕ ನನ್ನ ಮುಖ ನೋಡಿದಳು. ಕೆನ್ನೆಯ ಸಿಪ್ಪೆ ಇನ್ನೂ ಸುಲಿಯುತ್ತಿತ್ತು, ಒಂದು ಕಣ್ಣು ಇನ್ನೂ ಅರ್ಧವೇ. ಬಗ್ಗಿ ತೊಟ್ಟಿಲ ಅಂಚನ್ನು ಮೂಸಿದಳು.

“ಎಷ್ಟ ಜ್ವಾಪಾನ ಮಾಡೀದಿ ಅಂತ ನಿನ್ನ ಮಾರೀನ ಹೇಳಾಕತ್ತೈತಿ, ಸುಮ್ಮನಿರು,” ಎಂದು ಕಿಸಕ್ಕನೆ ನಕ್ಕಳು. “ನನ್ನ ಮಗಳ ತೊಟ್ಟಲಾ ಅಗಸಿಹಿಂಡಿ ವಾಸನಿ ಬರತೈತಿ ಬೇ. ಹಸಿವಿ ಆತ ನನಗ!”

ಇಬ್ಬರೂ ಬಾಯಿಗೆ ಸೆರಗು ತುರುಕಿಕೊಂಡು, ಕೂಸು ಎದ್ದೀತೆಂದು ಸದ್ದಿಲ್ಲದೆ, ಹೊಟ್ಟೆ ಹಿಡಿದು ನಕ್ಕೆವು.

ಒಳಗಿನಿಂದ ಅವ್ವ ಕೂಗಿದಳು: “ಅಕ್ಕತಂಗಿ ನಗೂದು ಮುಗೀತಂದ್ರ, ರೊಟ್ಟಿ ಬಡಿಯೋರು ಯಾರಾರ ಬರ್ತೀರೇನ? ಮಂದಿ ಊಟಕ್ಕ ಕುಂತಾರ!”

ನನ್ನ ಬೆರಳ ಬೊಬ್ಬೆ ಒಣಗಿದ್ದವು, ಅದೂ ಒಂದು ಪುಣ್ಯ. ಕೈ ತೊಳೆದುಕೊಂಡು ಹೋಗಿ, ಜೋಳದ ಹಿಟ್ಟಿಗೆ ಬಿಸಿನೀರು ಹೊಯ್ದು ನಾದತೊಡಗಿದೆ.