ಪರ್ಯಾಯಪ್ಪನ ಕೆಂಪು ಪೆನ್ನು
ನಮ್ಮ ಪತ್ರಿಕೆಯಲ್ಲಿ ಕರಡು ತಿದ್ದುವ ಹಿರಿಯರಿಗೆ ನಾವಿಟ್ಟ ಹೆಸರು ಪರ್ಯಾಯಪ್ಪ. ಸಾದಾ ಪದ ಕಂಡರೆ ಸಾಕು, ಅವರ ಕೆಂಪು ಪೆನ್ನಿಗೆ ತುರಿಕೆ ಶುರು. ನಾವು ಬರೆದ ‘ಮಳೆ’ ಅಚ್ಚಾಗುವಷ್ಟರಲ್ಲಿ ‘ವರ್ಷಧಾರೆ’ಯಾಗುತ್ತದೆ, ಬಡಪಾಯಿ ಜೇಬುಗಳ್ಳನೂ ‘ಚೋರಶಿಖಾಮಣಿ’ಯಾಗಿ ಬಡ್ತಿ ಪಡೆಯುತ್ತಾನೆ. “ಸಾರ್, ನಾಯಿ ಕಚ್ಚಿದ್ದನ್ನ ‘ಶ್ವಾನದಂಶನ’ ಅಂದ್ರೆ ಯಾರಿಗೆ ಗೊತ್ತಾಗುತ್ತೆ?” ಎಂದರೆ, “ಕಚ್ಚಿಸಿಕೊಂಡೋನಿಗೆ ಗೊತ್ತಾಗಿದೆಯಲ್ಲ, ಸಾಕು ಬಿಡಯ್ಯ” ಎನ್ನುತ್ತಾರೆ. ಮೊನ್ನೆ ಅವರ ಹೆಂಡತಿಗೆ ಹೃದಯದ ಆಪರೇಷನ್. ಕಚೇರಿಯಲ್ಲಿ ಯಾರಿಗೂ ಕೈಕಾಲು ಆಡಲಿಲ್ಲ. ಸಂಜೆ ಅವರ ಫೋನ್ ಬಂತು. ಯಾವ ಭಾರೀ ಪದ ತಲೆಯ ಮೇಲೆ ಬೀಳುತ್ತದೋ ಎಂದುಕೊಂಡೇ ಫೋನ್ ಕಿವಿಗಿಟ್ಟೆ. “ಎದ್ದಳು ಕಣಯ್ಯಾ!” ಎಂದು ಬಿಕ್ಕಿದರು. “ಎದ್ದವಳೇ ನನ್ನ ಗಡ್ಡ ನೋಡಿ ಬೈದಳು!” ನಾನು ಮೇಜಿನ ಮೇಲೆ ಹತ್ತಿ ಇಡೀ ಕಚೇರಿಗೆ ಅದನ್ನೇ ಕೂಗಿ ಹೇಳಿದೆ, ಒಂದಕ್ಷರವನ್ನೂ ಬದಲಿಸದೆ.